ಬಾತುಕೋಳಿ ಕರೆಯುವ ಹಾಡು

ಅನಾದಿದಾ, ಅಂದರೆ ನಮ್ಮ ಅನಾದಿ ಅಣ್ಣ, ಮೂವತ್ತೊಂದು ಬಂಗಾಳಿ ಚಿತ್ರಗಳಿಗೆ ಸಂಗೀತ ಕೊಟ್ಟರು. ಅವಷ್ಟಕ್ಕೂ ಪಿಟೀಲು ಹಿಡಿದು ಕೂತವನು ನಾನು. ಅವರನ್ನು ಯಾರಾದರೂ ಸುಮ್ಮನೆ ‘ಒಳ್ಳೆಯ ಸಂಗೀತಗಾರ’ ಎಂದರೆ ನನಗೆ ಮೈ ಉರಿಯುತ್ತದೆ. ಒಳ್ಳೆಯವರು ಕಲ್ಕತ್ತೆಯ ಸಿನಿಮಾ ಪೇಟೆ ಟಾಲಿಗಂಜ್‌ನಲ್ಲಿ ಬೀದಿಗೊಬ್ಬರಿದ್ದರು.

ದೇಶ ಒಡೆದು ಹುಟ್ಟೂರು ಬರಿಸಾಲ್ ಬಿಟ್ಟು ಕಲ್ಕತ್ತೆಗೆ ಬಂದಾಗ ಅನಾದಿ ಸಿಕ್ದಾರ್‌ಗೆ ಹತ್ತೊಂಬತ್ತು ವರ್ಷ. ನಿರಾಶ್ರಿತರ ಕಾಲನಿಯಲ್ಲಿ ತಗಡಿನ ಮನೆ. ಬಾಯಿ ಬಿಟ್ಟರೆ ಪೂರ್ವಬಂಗಾಳದ ಮಾತು, ಸ್ಟುಡಿಯೋದವರಿಗೆ ನಗು. “ಏನೋ ಬಾಂಗಾಲ್, ಇವತ್ತೂ ಒಣಮೀನೇ ತಿಂದ್ಯಾ?” ಎಂದು, ಪೂರ್ವದವರನ್ನು ಹಂಗಿಸುವ ಹೆಸರು ಹಿಡಿದು ಕಾಡುತ್ತಿದ್ದರು. ಹತ್ತು ವರ್ಷ ಬೇರೆಯವರ ಕೈಕೆಳಗೆ ಹಾರ್ಮೋನಿಯಂ ಒತ್ತುತ್ತ ಅವರು ಕಲ್ಕತ್ತೆಯ ನುಡಿ ಕಲಿತರು. ಊರು ಯಾವುದೆಂದರೆ ಕಲ್ಕತ್ತೆಯದೇ ಭವಾನಿಪುರ ಎಂದುಬಿಡುತ್ತಿದ್ದರು.

ಕೊನೆಗೂ ಸ್ವಂತದ್ದೊಂದು ಚಿತ್ರ ಸಿಕ್ಕಿತು. ಅದರಲ್ಲಿ, ಕಳೆದುಹೋದ ತಮ್ಮನಿಗಾಗಿ ನದಿ ದಡದಲ್ಲಿ ಕಾಯುವ ಅಕ್ಕನ ಹಾಡು. ನಮ್ಮಲ್ಲಿ ರಾಗ ಮೊದಲು, ಮಾತು ಆಮೇಲೆ. ಅಲ್ಲಿಯತನಕ ಬಾಯಿಗೆ ಬಂದದ್ದನ್ನು ತುಂಬಿ ಹಾಡುವುದು ವಾಡಿಕೆ. ಅನಾದಿದಾ ಬಾಯಿಗೆ ಬಂದದ್ದು ‘ಆಯ್ ಆಯ್ ಚೋಯಿ ಚೋಯಿ’. ಆಯ್ ಎಂದರೆ ಬಾ. ಸಂಜೆ ಕೊಳದಿಂದ ಬಾತುಕೋಳಿಗಳನ್ನು ಮನೆಗೆ ಕರೆಯಲು ಅವರಮ್ಮ ಕೂಗುತ್ತಿದ್ದುದು ಹಾಗೆ. ಗಾಯಕಿ ಕನಕಲತಾ ದೀದಿ ವಾರವಿಡೀ ಅದನ್ನೇ ಹಾಡಿ ಕಲಿತರು. ಕವಿಯ ಸಾಲು ಬಂದದ್ದು ಧ್ವನಿಮುದ್ರಣದ ದಿನ ಬೆಳಿಗ್ಗೆ. ಹಾಳೆ ಎದುರಿಗೇ ಇತ್ತು. ಆದರೆ ಆಕೆ ಕಣ್ಣು ಮುಚ್ಚಿ, ಮೈಮರೆತು, ಪಲ್ಲವಿಯುದ್ದಕ್ಕೂ ಬಾತುಕೋಳಿಯನ್ನೇ ಕರೆದುಬಿಟ್ಟರು. ಅಷ್ಟು ಚೆನ್ನಾಗಿತ್ತು, ನಾವ್ಯಾರೂ ನಿಲ್ಲಿಸಲಿಲ್ಲ.

ನಿರ್ಮಾಪಕ ಮಹಿಮ್ ಶೀಲ್ ಗಾಜಿನ ಕೋಣೆಯಿಂದ ಹಾರಿಬಿದ್ದು ಬಂದರು.

“ನಾಯಕಿ ಅಳ್ತಿದಾಳೋ ಬಾತುಕೋಳಿ ಮೇಯಿಸ್ತಿದಾಳೋ? ಇನ್ನೊಂದ್ಸಲ ಹಾಡ್ಸಿ!”

“ಇಲ್ಲ ಮಹಿಮ್‌ಬಾಬು. ಇದೇ ಇರ್ಲಿ,” ಎಂದರು ಅನಾದಿದಾ.

“ಜನ ನಕ್ಕರೆ?”

“ನಕ್ಕರೆ ಹಾಡೂ ತೆಗೀರಿ, ನನ್ನ ಹೆಸರೂ ತೆಗೀರಿ.”

ನಾನು ಹಣೆ ಚಚ್ಚಿಕೊಂಡೆ. ಹತ್ತು ವರ್ಷ ಕಾದು ಪಡೆದ ಹೆಸರು ಅದು!

ಮೊದಲ ದಿನ ಮಧ್ಯಾಹ್ನದ ಆಟ. ಹಾಡು ಶುರುವಾದದ್ದೇ ತಡ, ಬಾಲ್ಕನಿಯಲ್ಲಿ ಯಾರೋ ಕಿಸಕ್ಕೆಂದರು. ಹಿಂದೆಯೇ ಇನ್ನಿಬ್ಬರು. ಮಹಿಮ್‌ಬಾಬು ನಮ್ಮತ್ತ ತಿರುಗಿ ನೋಡಿದರು. ಅಷ್ಟರಲ್ಲಿ ಕೆಳಗೆ ಹೆಂಗಸರ ಸಾಲಿನಲ್ಲಿ ಒಬ್ಬ ಮುದುಕಿ ಎದ್ದು ನಿಂತು, ಹಾಡಿನ ಜೊತೆಗೇ ಕೂಗಿದಳು: “ಆಯ್ ಆಯ್ ಚೋಯಿ ಚೋಯಿ!” ಪಕ್ಕದವಳು ದನಿಗೂಡಿಸಿದಳು. ಆಮೇಲೆ ಕಾಲನಿಯ ಹೆಂಗಸರೆಲ್ಲ ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತ, ನದಿಯಾಚೆ ಬಿಟ್ಟುಬಂದದ್ದನ್ನೆಲ್ಲ ಕೂಗಿ ಕೂಗಿ ಕರೆದರು. ಬಾಲ್ಕನಿಯ ನಗು ಸತ್ತೇಹೋಯಿತು. ನಾನಂತೂ ಬಿಕ್ಕಿ ಬಿಕ್ಕಿ ಅತ್ತೆ. ಆ ಹಾಡಿನಲ್ಲಿ ನನ್ನ ಪಿಟೀಲೂ ಇತ್ತಲ್ಲ, ಆ ಹೆಮ್ಮೆ ಇವತ್ತಿಗೂ ಇಳಿದಿಲ್ಲ.

ಆಟ ಮುಗಿದು ಥಿಯೇಟರಿನ ಹೊರಗೆ ರಸ್ತೆ ಬದಿಯಲ್ಲಿ ನಿಂತಿದ್ದಾಗ, ಯಾರೋ ತೋರಿಸಿಕೊಟ್ಟರೆಂದು ಆ ಮುದುಕಿ ಹುಡುಕಿಕೊಂಡು ಬಂದು ಅನಾದಿದಾ ತೋಳು ಹಿಡಿದಳು.

“ಈ ಹಾಡು ಕಟ್ಟಿದ್ದು ನೀನೇನೋ ಮಗಾ? ಯಾವೂರು ನಿಂದು?”

ಸುತ್ತ ಸ್ಟುಡಿಯೋದವರೆಲ್ಲ ನಿಂತಿದ್ದರು. ಮಹಿಮ್‌ಬಾಬೂ ಇದ್ದರು.

“ಬರಿಸಾಲ್, ಮಾಸಿಮಾ,” ಎಂದರು ಅನಾದಿದಾ, ಅಪ್ಪಟ ಹುಟ್ಟೂರಿನ ಮಾತಿನಲ್ಲಿ, ಟ್ರಾಮಿನಲ್ಲಿ ಕೂತವರೂ ತಿರುಗಿ ನೋಡುವಷ್ಟು ಜೋರಾಗಿ. “ನಾನು ಬರಿಸಾಲ್‌ನೋನು!”