ಮಂಗಳ ಹಾಡದೆ ಎದ್ದವರು

ನಮ್ಮ ದಾಸರ ಬಲಗಾಲಿನ ಹೆಬ್ಬೆರಳ ಉಗುರು ನಡುವೆ ಸೀಳಿತ್ತು. ಇಪ್ಪತ್ತು ವರ್ಷ ಗೆಜ್ಜೆ ಕಟ್ಟಿ, ಊರೂರ ವೇದಿಕೆಯ ಹಲಗೆಗಳ ಮೇಲೆ ತಾಳಕ್ಕೆ ಕಾಲು ಕುಟ್ಟಿದ ಗುರುತು ಅದು. ಮಳವಳ್ಳಿ ಸೀಮೆಯಲ್ಲಿ ಅವರಂತೆ ಹರಿಕಥೆ ಮಾಡುವವರು ಇರಲಿಲ್ಲ. ನಾನು ಹಿಂದೆ ಕೂತು ಹಾರ್ಮೋನಿಯಂ ನುಡಿಸುತ್ತಿದ್ದೆ. ಶ್ರುತಿ ತುಸು ತಪ್ಪಿದರೂ ಕತೆಯ ನಡುವೆ ರಾಗದಲ್ಲೇ ನನ್ನನ್ನು ಬೈಯುತ್ತಿದ್ದರು. ಜನ ಅದನ್ನೂ ಕತೆಯೆಂದುಕೊಂಡು ನಗುತ್ತಿದ್ದರು.

ಎಪ್ಪತ್ತರ ದಶಕದ ಮೊದಲಲ್ಲಿ ಮದ್ದೂರಿನ ಹತ್ತಿರದ ಹಳ್ಳಿಯೊಂದರ ಜಮೀನ್ದಾರರ ಮನೆಯಿಂದ ಕರೆ ಬಂತು. ಸ್ಟೌ ಸಿಡಿದು ಸತ್ತಳೆಂದು ಅವರು ಹೇಳಿದ ಸೊಸೆಯ ಹನ್ನೊಂದನೆಯ ದಿನದ ತಿಥಿ. ಹರಿಶ್ಚಂದ್ರನ ಕತೆಯೇ ಆಗಬೇಕು ಅಂದಿದ್ದರು. ಮಗನ ಹೆಣ ಹೊತ್ತು ಚಂದ್ರಮತಿ ಸುಡುಗಾಡಿಗೆ ಬರುವಲ್ಲಿ ಚಪ್ಪರಕ್ಕೆ ಚಪ್ಪರವೇ ಬಿಕ್ಕುತ್ತಿತ್ತು. ಆಗ ಹೊರಗೆ ಗಲಾಟೆ. ಸತ್ತ ಹುಡುಗಿಯ ತಾಯಿ ಯಲಿಯೂರಿನಿಂದ ಬಂದಿದ್ದಳು. ಆಳುಗಳು ಬಾಗಿಲಲ್ಲೇ ತಡೆದಿದ್ದರು.

“ಯಾರ ಕತೆ ಏಳ್ತಿದ್ದೀಯ ದಾಸಪ್ಪಾ! ಈ ಮನೇಲಿ ಸ್ಟೌ ಎಲ್ಲೈತೆ? ಇರಾದು ಸೌದೆ ಒಲೆ ಕಣಪ್ಪಾ! ನನ್ ಮಗ್ಳ ಇವ್ರೇ ಸುಟ್ರು!”

ದಾಸರು ಕತೆ ನಿಲ್ಲಿಸಿಬಿಟ್ಟರು. ನಾನು ಮೂರ್ಖ, ಶ್ರುತಿ ಹಿಡಿದೇ ಇದ್ದೆ. ಮನೆಯ ಯಜಮಾನ, “ಅವಳ್ಗೆ ತಲೆ ಕೆಟ್ಟೋಗೈತೆ. ನೀವು ಮಂಗಳ ಆಡ್ಬುಡಿ ಸ್ವಾಮಿ, ಎಲೆ ಆಕಿಸ್ತೀನಿ” ಅಂದ.

“ಮಂಗಳವೇನಯ್ಯ? ನಿನ್ನ ಮನೆಗೆ?” ಗೆಜ್ಜೆ ಬಿಚ್ಚಿ ಅಲ್ಲೇ ಬಿಸುಟು ಇಳಿದರು.

ಬಸ್ಸಿನಲ್ಲಿ ನನ್ನ ಮೇಲೆ ಹರಿಹಾಯ್ದರು. “ಚಂದ್ರಮತಿಗೆ ಅಳ್ತಾರೆ, ಮೂಗೊರೆಸ್ಕೊಂಡು ಪಾಯಸಕ್ಕೆ ಕೂರ್ತಾರೆ. ಸುಟ್ಟ ಆ ಯಜಮಾನನೂ ಅತ್ತ ಕಣಯ್ಯ, ನೋಡಿದೆಯಾ? ನನ್ನ ಕತೆ ಕೇಳಿ ಅವನ ಎದೆ ಹಗುರಾಯ್ತು! ಥೂ!”

ಮತ್ತೆಂದೂ ಅವರು ಹರಿಕಥೆ ಮಾಡಲಿಲ್ಲ. ಮೈಸೂರಿನಲ್ಲಿ ಸಾಕ್ಷ್ಯಚಿತ್ರ ತೆಗೆಯುತ್ತಿದ್ದ ಗೆಳೆಯರೊಬ್ಬರ ಜೊತೆ ಸೇರಿ, ನಲವತ್ತು ದಾಟಿದ ಮೇಲೆ ಕ್ಯಾಮೆರಾ ಕಲಿತರು. ದಾಸರು ಕೆಟ್ಟರು ಎಂದು ಊರು ಆಡಿಕೊಂಡಿತು. ನಾನೂ ಆಡಿಕೊಂಡೆ. ಎರಡು ವರ್ಷದ ಮೇಲೆ ಆ ತಾಯಿಯನ್ನು ಹುಡುಕಿಕೊಂಡು ಹೋಗಿ ಅವಳ ಮಾತನ್ನೇ ಚಿತ್ರ ಮಾಡಿದರು. ಸಂಗೀತ ಬೇಡವೇ ಎಂದು ಕೇಳಿದೆ. “ಪೆಟ್ಟಿಗೆ ಮುಚ್ಚಿಡು. ಅವಳ ಮಾತಿಗೆ ನಿನ್ನ ಶ್ರುತಿ ಬೇಡ” ಎಂದು ಗದರಿದರು.

ಮದ್ದೂರಿನ ಛತ್ರವೊಂದರಲ್ಲಿ ಒಂದು ಸಂಜೆ ತೋರಿಸುವಾಗ, ಅರ್ಧಕ್ಕೇ ಜಮೀನ್ದಾರನ ಕಡೆಯವರು ನುಗ್ಗಿದರು. ಪರದೆ ಹರಿದರು, ಪ್ರೊಜೆಕ್ಟರ್ ಉರುಳಿಸಿದರು, ತಡೆಯಹೋದ ದಾಸರ ತುಟಿ ಒಡೆದರು. ನುಗ್ಗಿದವರು ಹೋದ ಮೇಲೂ ಜನ ಏಳಲಿಲ್ಲ.

“ಮಿಕ್ಕಿದ್ದ ನೀವೇ ಏಳ್ಬುಡಿ ದಾಸ್ರೇ, ಕತೆ ಮಾಡಿ” ಎಂದು ಯಾರೋ ಕೂಗಿದರು.

“ಆ ತಾಯಿ ಇಲ್ಲೇ ಕೂತಿದಾಳೆ. ಅವಳೇ ಹೇಳ್ತಾಳೆ. ನಾನ್ಯಾರು?” ಎಂದು ದಾಸರು ನೆಲದ ಮೇಲೆ ಕೂತರು.

ಆಕೆ ಎದ್ದು ಪೂರ್ತಿ ಹೇಳಿದಳು. ಒಬ್ಬರೂ ಅಳಲಿಲ್ಲ, ತಲೆ ತಗ್ಗಿಸಿದರು.

ಯಾರಿಗೂ ಶಿಕ್ಷೆಯಾಗಲಿಲ್ಲ. ಆ ದಶಕ ಮುಗಿಯುವ ಮುನ್ನವೇ ದಾಸರು ತೀರಿಕೊಂಡರು. ಮಂಡ್ಯದಲ್ಲಿ ನಡೆದ ಸಂತಾಪ ಸಭೆಯಲ್ಲಿ ಎಲ್ಲರೂ ಅವರ ಕಂಠವನ್ನು ಹೊಗಳಿದರು, ಚಿತ್ರದ ಸುದ್ದಿ ಎತ್ತಲಿಲ್ಲ. ಕೇಳಿದರೆ ಅಧ್ಯಕ್ಷರು ನನ್ನ ಕಿವಿಯಲ್ಲಿ, “ಅದ್ಯಾಕ್ರೀ ಈಗ? ಸತ್ತವರ ಮರ್ಯಾದೆ ಉಳಿಸಿ” ಅಂದರು.

ಯಾವ ಸತ್ತವರ? ಮೈಕು ಕಿತ್ತುಕೊಂಡು ಆ ಹುಡುಗಿಯ ಹೆಸರು ಹೇಳಿದೆ. ಸುಟ್ಟವನ ಹೆಸರನ್ನೂ ಹೇಳಿದೆ. ಅವನು ಹಾರ ಹಿಡಿದು ಮುಂದಿನ ಸಾಲಿನಲ್ಲೇ ಕೂತಿದ್ದ.