ತಾಯಿಯ ಎರಡು ಪುಟ

ಅಮೆರಿಕದ ಕ್ಯಾರಿ ಊರಿನ ಕನ್ನಡಿಗರು ಆಡಲೆಂದು ನಾನು ಬರೆದುಕೊಟ್ಟ ನಾಟಕದಲ್ಲಿ, ಮುನಿಸಿಕೊಂಡು ಹೋಗಿದ್ದ ಮಗಳು ಮರಳಿದಾಗ ತಾಯಿ ಎರಡು ಪುಟಗಳಷ್ಟು ಮಾತನಾಡುತ್ತಿದ್ದಳು. ನನ್ನ ಕನ್ನಡ ಎಂ.ಎ. ಅಧ್ಯಯನದ ಸಾರವೆಲ್ಲ ಆ ಪುಟಗಳಲ್ಲಿತ್ತು.

ತಾಯಿಯ ಪಾತ್ರ ವಹಿಸಿದ್ದ ಶೈಲಾ ಆಂಟಿಯ ಗ್ಯಾರೇಜಿನಲ್ಲಿ ಅಭ್ಯಾಸ ನಡೆಯುತ್ತಿತ್ತು. ಒಂದು ಶನಿವಾರ ಅವರು ಪಕ್ಕದ ಮನೆಯ ಕೊರಿಯನ್ ಮಹಿಳೆಯನ್ನು ಕರೆತಂದರು.

"ಇವ್ರು ಅಲ್ಲಿ ಟಿವಿ ಸೀರಿಯಲ್ ಆ್ಯಕ್ಟ್ರೆಸ್ ಆಗಿದ್ರು ಕಣಪ್ಪ. ಸ್ವಲ್ಪ ನೋಡ್ಲಿ."

ಮೊದಲು ನಾಯಕಿಯ ಗೆಳತಿಯಾಗಿದ್ದ ಆಕೆ, ಮೂವತ್ತು ದಾಟಿದ ಮೇಲೆ ನಿವೃತ್ತಿಯವರೆಗೂ ತಾಯಿಯಾಗಿಯೇ ನಟಿಸಿದರಂತೆ; ತಮ್ಮದೇ ವಯಸ್ಸಿನ ನಾಯಕರಿಗೂ ತಾಯಿ. ದೃಶ್ಯ ಮುಗಿದಾಗ ಇಂಗ್ಲಿಷಿನಲ್ಲಿ ಕೇಳಿದರು: "ತಾಯಿ ಇಷ್ಟು ಹೊತ್ತು ಏನು ಹೇಳಿದಳು?"

"ತಾಯ್ತನದ ತತ್ತ್ವವನ್ನು," ಎಂದೆ.

"ನನಗೆ ಎಂದೂ ಇಷ್ಟು ಮಾತು ಸಿಗಲಿಲ್ಲ. ಮಕ್ಕಳು ಬಂದರೆ, ಊಟ ಆಯಿತಾ ಎಂದು ಕೇಳುತ್ತಿದ್ದೆ. ಅಷ್ಟೇ."

ಶೈಲಾ ಆಂಟಿ ಹಾಳೆಗಳನ್ನು ಮಡಚಿದರು. "ನಾವೂ ಅದನ್ನೇ ಅಲ್ವೇನೋ ಕೇಳೋದು?"

ಆ ಪುಟಗಳಿಲ್ಲದೆ ನಾಟಕವೇ ಇಲ್ಲವೆಂದು ನಾನು ವಾದಿಸಿದೆ. ಆ ನಟಿ ಎದ್ದು, ಬಾಗಿಲಲ್ಲಿ ನಿಂತಿದ್ದ ಮಗಳ ಪಾತ್ರಧಾರಿಯ ಮುಖವನ್ನೇ ನೋಡುತ್ತಾ, ಆ ಒಂದು ಪ್ರಶ್ನೆಯನ್ನು ಕೊರಿಯನ್ ಭಾಷೆಯಲ್ಲಿ ಮೆಲ್ಲನೆ ಕೇಳಿದರು. ಹುಡುಗಿಯ ಕಣ್ಣು ತುಂಬಿತು. ನನ್ನ ವಾದ ಅಲ್ಲಿಗೆ ಮುಗಿಯಿತು.

ಪ್ರದರ್ಶನದ ದಿನ ಶೈಲಾ ಆಂಟಿ ಅಷ್ಟನ್ನೇ ಕೇಳಿದರು, ಸಭಿಕರು ಕಣ್ಣೊರೆಸಿಕೊಂಡರು. ಬಳಿಕ ಹಿರಿಯರೊಬ್ಬರು ನನ್ನ ಕೈ ಕುಲುಕಿದರು.

"ಕನ್ನಡ ಎಂ.ಎ. ಮಾಡಿದೋನು ಬರೆದಿದ್ದು ಅಂತ ಹೆದರ್ಕೊಂಡೇ ಬಂದಿದ್ದೆ ಕಣಯ್ಯ. ಆ ತಾಯಿ ಸೀನಲ್ಲಿ ಒಂದು ಪದಾನೂ ಕಷ್ಟ ಇರ್ಲಿಲ್ಲ!"