ಬೆಣ್ಣೆಯವಳ ಗಂಡ ಇದ್ದ ಕ್ಯಾಸೆಟ್

ಸರ್ರ್ ಎಂದು ಸುತ್ತಿ, ಕೊನೆಗೆ ಟಕ್ ಎಂದು ನಿಲ್ಲುವ ಸದ್ದು. ಮೊನ್ನೆ ಹೊಲಿಗೆ ಮಷಿನ್ನಿನ ಬಾಬಿನ್‌ಗೆ ದಾರ ಸುತ್ತುವಾಗ ಕೇಳಿ ಕೈ ನಿಂತುಬಿಟ್ಟಿತು. ವಿಡಿಯೋ ಕ್ಯಾಸೆಟ್ ರಿವೈಂಡ್ ಆಗುತ್ತಿದ್ದುದು ಹೀಗೇ... ಅದರ ಹಿಂದೆಯೇ ನಮ್ಮ ಬೆಣ್ಣೆಯವಳು ನೆನಪಾದಳು.

ಎಂಬತ್ತರ ದಶಕದ ಮಧುಗಿರಿ. ಅವಳು ದೊಡ್ಡೇರಿ ಕಡೆಯಿಂದ ಬೆಣ್ಣೆ ತರುತ್ತಿದ್ದಳು. ಗಂಡ ಕುರಿ ಕಾಯುವವನು. ನಮ್ಮ ಬೆಟ್ಟದ ಬುಡದಲ್ಲಿ ಒಂದು ಪಿಕ್ಚರಿನ ಶೂಟಿಂಗ್ ನಡೆದಾಗ ಅವನನ್ನೂ ಕುರಿಗಳ ಸಮೇತ ಕ್ಯಾಮೆರಾ ಮುಂದೆ ನಡೆಸಿದ್ದರಂತೆ. ಪಿಕ್ಚರ್ ಬರುವಷ್ಟರಲ್ಲಿ ಹಾವು ಕಚ್ಚಿ ಅವನು ಹೋಗಿದ್ದ. ಮನೆಯಲ್ಲಿ ಅವನದೊಂದು ಫೋಟೋ ಕೂಡ ಇರಲಿಲ್ಲ.

ಅದು ರಕ್ತ, ಬೈಗುಳ ತುಂಬಿದ ಕ್ರೈಮ್ ಪಿಕ್ಚರ್. ಕೊಲೆಗಾರನನ್ನೇ ಹೀರೋ ಮಾಡಿದ್ದಾರೆಂದು ಗಲಾಟೆಯಾಗಿ, ಅವಳು ಥಿಯೇಟರಿಗೆ ಹೋಗುವ ಧೈರ್ಯ ಮಾಡುವ ಮೊದಲೇ ಪಿಕ್ಚರನ್ನೇ ಎತ್ತಿಬಿಟ್ಟರು. ಕೆಲವು ವರ್ಷದ ಮೇಲೆ ಅದರ ಕ್ಯಾಸೆಟ್ ಬಂತು. ಊರ ಹುಡುಗರಿಗೆ ಅದೇ ಹುಚ್ಚು, ಡೈಲಾಗ್ ಎಲ್ಲ ಬೈಹಾರ್ಟ್. ಒಂದು ಭಾನುವಾರ ನಮ್ಮ ಯಜಮಾನರೂ ಅದನ್ನು ಹಾಕಿ ನೋಡುವ ವಿಸಿಪಿ ಸಮೇತ ಬಾಡಿಗೆಗೆ ತಂದರು. ಇಂಥದ್ದು ನೋಡೋದಕ್ಕೇ ಏನು ನೀನು ಕಾನ್ವೆಂಟ್ ಓದಿದ್ದು ಎಂದು ನನ್ನನ್ನು ಚುಚ್ಚಿ ಅತ್ತೆ ಒಳಗೆ ಹೋದರು.

ಬೆಣ್ಣೆಯವಳು ವಿಷಯ ತಿಳಿದು ಬುಟ್ಟಿ ಇಳಿಸಿದಳು.

"ನಮ್ಮೋನು ಅದ್ರಾಗೆ ಅವ್ನಂತೆ ಕಣವ್ವ. ಒಂದ್ ಕಿತ ತೋರ್ಸವ್ವ."

ಬಾಗಿಲ ಬಳಿ ನೆಲದ ಮೇಲೆ ಕೂತಳು. ಕೊಲೆಗೆ ಮುಂಚಿನ ಸೀನ್. ಹೀರೋ ಬಂಡೆಗೆ ಚಾಕು ಮಸೆಯುತ್ತಿರುತ್ತಾನೆ. ಅವನ ಹಿಂದೆ, ದೂರದಲ್ಲಿ, ಕಂಬಳಿ ಹೊದ್ದವನೊಬ್ಬ ಕುರಿ ಹೊಡೆದುಕೊಂಡು ಹೋಗುತ್ತ ಒಮ್ಮೆ ತಿರುಗಿ ನೋಡುತ್ತಾನೆ. ಅಷ್ಟೇ. ತುಟಿ ಆಡುತ್ತದೆ, ಬ್ಯಾಕ್‌ಗ್ರೌಂಡ್ ಮ್ಯೂಸಿಕ್ ಬಿಟ್ಟರೆ ಏನೂ ಕೇಳುವುದಿಲ್ಲ.

ಅಳುತ್ತಾಳೆ ಅಂದುಕೊಂಡೆ. ಅಳಲಿಲ್ಲ.

"ಕುರಿ ಕರೀತಾವ್ನೆ. ದನೀನೇ ತಗ್ದ್‌ಬುಟ್ಟವ್ರೆ," ಎಂದಳು.

ರಿವೈಂಡ್ ಮಾಡಿದೆ. ಈ ಸಲ ಅವಳೇ ಕರೆದಳು, "ಹ್ರ್ರ್ರ್... ಬಾ, ಬಾ..." ಸರಿಯಾಗಿ ಆಗಲೇ ಅವನು ತಿರುಗಿದ. ಮತ್ತೆ ರಿವೈಂಡ್. ಮತ್ತೆ ಕರೆದಳು, ಮತ್ತೆ ತಿರುಗಿದ. ಅತ್ತೆ ಯಾವಾಗ ಬಂದು ಕಂಬಕ್ಕೆ ಒರಗಿದ್ದರೋ, ಇನ್ನೊಂದು ಸಲ ಹಾಕೇ ಎಂದವರು ಅವರೇ.

ಆಮೇಲೆ ಎಷ್ಟೋ ಭಾನುವಾರ ಅದೇ ಕ್ಯಾಸೆಟ್. ಆ ಜಾಗದಲ್ಲಿ ಟೇಪ್ ಸವೆದು ಗೆರೆ ಬಿದ್ದವು. ಮಸ್ತ್ ಸೀನೇ ಹಾಳು ಎಂದು ಹುಡುಗರು ವಿಡಿಯೋ ಅಂಗಡಿಯವನ ಮೇಲೆ ಹರಿಹಾಯುತ್ತಿದ್ದರು. ಕೊನೆಗೆ ಯಾರದೋ ಮನೆಯ ಮಷಿನ್ ಟೇಪನ್ನೇ ನುಂಗಿತು. ಅಂಗಡಿಯವನು ಕೆಟ್ಟ ಭಾಗ ಕತ್ತರಿಸಿ ಅಂಟಿಸಿದ. ಅವಳ ಗಂಡ ಇದ್ದ ಚೂರೇ ಹೋಯಿತು...

ಈಗ ಆ ಪಿಕ್ಚರನ್ನು ಕಲ್ಟ್ ಅನ್ನುತ್ತಾರೆ. ನನಗೆ ಹೀರೋನ ಮುಖವೇ ನೆನಪಿಲ್ಲ.

ಅವಳನ್ನು ಕೊನೆಯ ಸಲ ನೋಡಿದ್ದು ಬಸ್ ಸ್ಟ್ಯಾಂಡಿನಲ್ಲಿ. ಪಾವಗಡದ ಮಗಳ ಮನೆಯಲ್ಲೇ ಇದ್ದುಬಿಡಲು ಹೊರಟಿದ್ದಳು. ತುಮಕೂರಿನಿಂದ ಅದೇ ಪಿಕ್ಚರಿನ ಬೇರೆ ಕ್ಯಾಸೆಟ್ ತರಿಸುತ್ತೇನೆ ಎಂದೆ.

"ಬುಡವ್ವ. ಅವ್ನಿಗೂ ಸಾಕಾಗಿರ್ತದೆ. ಎಷ್ಟು ಕಿತ ಅಂತ ತಿರುಗ್ತಾನೆ, ಪಾಪ."

ಬಸ್ಸು ಹೊರಟಿತು. ನಾನು ಕೈ ಎತ್ತಿದೆ. ಅವಳು ತೊಡೆಯ ಮೇಲಿನ ಬುಟ್ಟಿ ಸರಿಮಾಡಿಕೊಳ್ಳುತ್ತಿದ್ದಳು.